ಹತ್ತು ಸಾವಿರದ ಕಥೆಯಾಚೆಗೆ

ಸುಧಾ ಮೂರ್ತಿಯವರ ಬಗ್ಗೆ ಯಾರೇ ಬರೆದರೂ 1981ರಲ್ಲಿ ಇನ್ಫೋಸಿಸ್ ಶುರುಮಾಡಲು ಗಂಡ ನಾರಾಯಣ ಮೂರ್ತಿಗೆ ಕೊಟ್ಟ ಆ 10,000 ರೂಪಾಯಿಯೇ ಕಥೆ. ಅವರ ಬಗ್ಗೆ ನಾನೀಗ ಓದಿದ ಲೇಖನವೂ ಅರ್ಧಕ್ಕರ್ಧ ಅದರಲ್ಲೇ ಮುಗಿದಿದೆ. ಶಿಗ್ಗಾವಿಯಲ್ಲಿ ಹುಟ್ಟಿದ ಹುಡುಗಿ ಹುಬ್ಬಳ್ಳಿಯ ಬಿ.ವಿ.ಬಿ. ಕಾಲೇಜಿಗೆ ಇಂಜಿನಿಯರಿಂಗ್ ಓದಲು ಸೇರಿದಾಗ ಕಾಲೇಜಿನವರು ಹಾಕಿದ್ದ ಷರತ್ತು ನೋಡಿ: ಸೀರೆಯನ್ನೇ ಉಡಬೇಕು, ಕ್ಯಾಂಟೀನಿಗೆ ಹೋಗಬಾರದು, ಹುಡುಗರ ಜೊತೆ ಮಾತಾಡಬಾರದು. ಹೆಣ್ಣುಮಕ್ಕಳಿಗೆ ಶೌಚಾಲಯವೇ ಇರಲಿಲ್ಲ! ಮುಂದೆ ಇನ್ಫೋಸಿಸ್ ಪ್ರತಿಷ್ಠಾನದಿಂದ ಊರೂರಲ್ಲಿ ಶೌಚಾಲಯ ಕಟ್ಟಿಸಿದ್ದಕ್ಕೆ ಬೇರು ಅಲ್ಲೇ ಇದೆ. ‘ಮಹಿಳೆಯರು ಅರ್ಜಿ ಹಾಕಬೇಕಾಗಿಲ್ಲ’ ಎಂಬ ಟೆಲ್ಕೊ (ಈಗಿನ ಟಾಟಾ ಮೋಟಾರ್ಸ್) ಜಾಹೀರಾತು ಕಂಡು ಜೆ.ಆರ್.ಡಿ. ಟಾಟಾಗೇ ಕಾರ್ಡು ಗೀಚಿ, ಕೆಲಸವನ್ನೂ ಗಿಟ್ಟಿಸಿದವರು ಅವರು. ಸರಳತೆಯ ಗುಣಗಾನ ಸಾಕಾಗಿದೆ ಮಾರಾಯ್ರೆ, ಆ ಹಟದ ಬಗ್ಗೆ ಬರೀರಿ. ಇಂಗ್ಲಿಷಿಗೆ ಹೋಗುವ ಮೊದಲು ಕನ್ನಡದಲ್ಲಿ ಬರೆದ ಕಾದಂಬರಿಗಳಿಗೆ ಆ ಲೇಖನದಲ್ಲಿ ಒಂದು ಸಾಲೂ ಇಲ್ಲವಲ್ಲ, ಯಾಕೆ?