ವರ್ಷಕ್ಕೆ ಐದು ಸಲ ಮಾತ್ರ ಒಳ್ಳೆಯವರಾಗಬಹುದು

ಸುದ್ದಿ ನಿಮಗೆಲ್ಲ ಗೊತ್ತಿರೋದೇ. ರಸ್ತೆಲಿ ಆಕ್ಸಿಡೆಂಟ್ ಆಗಿ ಬಿದ್ದವರನ್ನ ಗೋಲ್ಡನ್ ಅವರ್ ಒಳಗೆ, ಅಂದ್ರೆ ಪೆಟ್ಟಾದ ಮೊದಲ ಒಂದು ಗಂಟೆಯೊಳಗೆ, ಆಸ್ಪತ್ರೆಗೆ ಸೇರಿಸಿದವರಿಗೆ ಕೇಂದ್ರ ಸರ್ಕಾರ ಕೊಡ್ತಿದ್ದ 5,000 ರೂಪಾಯಿ 2025ರಲ್ಲಿ 25,000 ಆಯ್ತು, ಸ್ಕೀಮಿಗೆ ರಾಹ್-ವೀರ್ ಅಂತ ಹೆಸರೂ ಬಂತು (ಹೆಸರು ಎಂದಿನಂತೆ ಹಿಂದಿ, ಆ ಜಗಳ ಇನ್ನೊಂದಿನ ಆಡೋಣ). ತೊಗರಿಬೇಳೆ ಏರಿದೆ, ಸ್ಕೂಲ್ ಫೀಸ್ ಏರಿದೆ, ಮನುಷ್ಯತ್ವದ ರೇಟ್ ಮಾತ್ರ ಯಾಕೆ ಹಿಂದೆ ಬೀಳ್ಬೇಕು ಹೇಳಿ. ನಾಲ್ಕು ವರ್ಷದೊಳಗೆ ಐದು ಪಟ್ಟು! ಬೆಂಗಳೂರಲ್ಲಿ ಸೈಟ್ ರೇಟೂ ಈ ಪಾಟಿ ಏರಿಲ್ಲ. ಈ ಐಡಿಯಾ ಯಾರಿಗೆ ಹೊಳೀತೋ ಅವರಿಗೊಂದು ಶಾಲು, ಒಂದು ಮೈಸೂರು ಪೇಟ, ಒಂದು ಫಲತಾಂಬೂಲ ಕೊಟ್ಟು ಸನ್ಮಾನ ಮಾಡ್ಬೇಕು ಅಂತ ನನಗೆ ನಿಜವಾಗ್ಲೂ ಅನ್ನಿಸ್ತು.

ಅದೇ ಖುಷಿಲಿ ನಿಯಮ ಏನಿದೆ ಅಂತ ಓದೋಕೆ ಕೂತೆ. 2021ರ ಅಕ್ಟೋಬರಲ್ಲಿ ಬಂದ ಮೂಲ ಆದೇಶ, ಏನ್ ಬರವಣಿಗೆ ಅಂತೀರಿ. ಒಬ್ಬ ವ್ಯಕ್ತಿಗೆ ವರ್ಷಕ್ಕೆ ಹೆಚ್ಚು ಅಂದ್ರೆ 5 ಸಲ ಬಹುಮಾನ. ಅಂದ್ರೆ ಡಿಸೆಂಬರಲ್ಲಿ ನಿಮ್ಮ ಕಣ್ಮುಂದೆ ಆರನೆಯವನು ಬಿದ್ದ ಅಂದ್ಕೊಳ್ಳಿ, ನೀವು ಗೌರವದಿಂದಲೇ ಹೇಳ್ಬಹುದು, ಸಾರಿ ಗುರು, ನನ್ನ ಕೋಟಾ ಮುಗೀತು, ಜನವರಿ ಒಂದಕ್ಕೆ ಇದೇ ಜಾಗದಲ್ಲಿ ಬಂದು ಬಿದ್ಕೋ. ಇನ್ನು ಒಬ್ಬನನ್ನ ನಾಲ್ಕು ಜನ ಸೇರಿ ಎತ್ತಿದ್ರೆ ದುಡ್ಡನ್ನ ನಾಲ್ಕೂ ಜನಕ್ಕೆ ಸಮನಾಗಿ ಹಂಚ್ಬೇಕು. ಬಾಳೆಹಣ್ಣಿನ ಗಾಡಿಯವನು ತಲೆ ಹಿಡ್ಕೊಂಡ, ಆಟೋದವನು ಕಾಲು ಹಿಡ್ಕೊಂಡ, ಕಾಲೇಜಿಗೆ ಹೊರಟಿದ್ದ ಹುಡುಗಿ ವೇಲ್ ಬಿಚ್ಚಿ ರಕ್ತಕ್ಕೆ ಒತ್ತಿ ಹಿಡಿದಳು, ನಾಲ್ಕನೆಯವನು 'ನೀರ್ ಕೊಡ್ಬೇಡ್ರೀ ನೀರ್ ಕೊಡ್ಬೇಡ್ರೀ' ಅಂತ ಕೂಗಿದ, ಅವನಿಗೂ ಪಾಲು ಇದೆಯಾ ಅನ್ನೋದನ್ನ ಆದೇಶ ಸ್ಪಷ್ಟ ಮಾಡಿಲ್ಲ.

ಗಾಯಕ್ಕೂ ಅರ್ಹತೆ ಬೇಕು. ಮೇಜರ್ ಸರ್ಜರಿ ಆಗ್ಬೇಕು, ಇಲ್ಲಾಂದ್ರೆ ಕನಿಷ್ಠ 3 ದಿನ ಆಸ್ಪತ್ರೆಲಿರ್ಬೇಕು, ಇಲ್ಲಾಂದ್ರೆ ಮಿದುಳಿಗೋ ಬೆನ್ನುಹುರಿಗೋ ಪೆಟ್ಟಾಗಿರ್ಬೇಕು, ಅದೂ ಇಲ್ಲಾಂದ್ರೆ ಚಿಕಿತ್ಸೆ ನಡೀತಿರುವಾಗ ಸಾಯ್ಬೇಕು. ಹಾಗಾಗಿ ಎತ್ತೋಕೆ ಮುಂಚೆ ಒಂದು ಮಾತು ಕೇಳಿಬಿಡೋದು ಒಳ್ಳೇದು, ಏನಪ್ಪಾ ತಲೆಗಾ ಬೆನ್ನಿಗಾ, ಬರೀ ತರಚಿದ ಗಾಯಾನಾ? ಅಡ್ಮಿಟ್ ಆದ್ಮೇಲೂ ವಾರ್ಡಿಗೆ ಹೋಗಿ ಕೈ ಹಿಡ್ಕೊಂಡು ಬೇಡ್ಕೋಬೇಕು, ಎರಡನೇ ದಿನಕ್ಕೇ ಹುಷಾರಾಗ್ಬೇಡ ಮಾರಾಯಾ, ಇನ್ನೊಂದಿನ ಮಲ್ಕೋ, ನಿನ್ನ ಕಾಲಿಗೆ ಬೀಳ್ತೀನಿ. ಆದೇಶಕ್ಕೆ ಎಕ್ಸ್‌ಪೈರಿ ಡೇಟೂ ಹಾಕಿದ್ರು, 2026ರ ಮಾರ್ಚ್ 31. ದೇಶದ ಕರುಣೆಯನ್ನೂ ಆರ್ಥಿಕ ವರ್ಷಕ್ಕೆ ಹೊಂದಿಸಿಟ್ಟಿರೋ ಶಿಸ್ತು ನೋಡಿ.

ನನಗೆ ಪಾಪ ಅನ್ಸೋದು ಜೀವಶಾಸ್ತ್ರದವರ ಬಗ್ಗೆ. ಒಬ್ಬ ಇನ್ನೊಬ್ಬನಿಗೆ ಯಾಕೆ ಸಹಾಯ ಮಾಡ್ತಾನೆ ಅಂತ ಡಾರ್ವಿನ್ ಕಾಲದಿಂದ ತಲೆ ಕೆರ್ಕೊಳ್ತಾ ಇದಾರೆ, ತನಗೆ ನಷ್ಟ ಮಾಡ್ಕೊಂಡು ಬೇರೆಯವರನ್ನ ಉಳಿಸೋ ಗುಣ ವಿಕಾಸದಲ್ಲಿ ಯಾವತ್ತೋ ಅಳಿಸಿಹೋಗಬೇಕಿತ್ತಲ್ಲ, ಹೇಗೆ ಉಳೀತು ಅಂತ. ಹಾಲ್ಡೇನ್ ಅಂತ ಒಬ್ಬರಿದ್ರು, ಇಂಗ್ಲೆಂಡ್ ಬಿಟ್ಟು ನಮ್ಮ ದೇಶಕ್ಕೇ ಬಂದು, ಇಲ್ಲಿನ ಪ್ರಜೆಯಾಗಿ, 1964ರಲ್ಲಿ ಭುವನೇಶ್ವರದಲ್ಲಿ ತೀರಿಕೊಂಡವರು. ಇಬ್ಬರು ಅಣ್ಣತಮ್ಮಂದಿರಿಗಾಗಿ ಇಲ್ಲಾ ಎಂಟು ಜನ ಕಸಿನ್‌ಗಳಿಗಾಗಿ ಆದ್ರೆ ನೀರಿಗೆ ಹಾರಿ ಪ್ರಾಣ ಕೊಟ್ಟೇನು ಅಂತ ಅವರು ತಮಾಷೆ ಮಾಡಿದ್ರಂತೆ. ಅದೇ 1964ರಲ್ಲಿ ಹ್ಯಾಮಿಲ್ಟನ್ ಅನ್ನೋ ಹುಡುಗ ಇದನ್ನ ಲೆಕ್ಕವಾಗಿಯೇ ಬರೆದುಕೊಟ್ಟ: ಎದುರಿನವನಿಗಾಗೋ ಲಾಭವನ್ನ ರಕ್ತಸಂಬಂಧದ ಪ್ರಮಾಣದಿಂದ ಗುಣಿಸಿ, ನಿನಗಾಗೋ ನಷ್ಟಕ್ಕಿಂತ ಜಾಸ್ತಿ ಬಂದ್ರೆ ಸಹಾಯ ಮಾಡೋ ಗುಣ ಉಳಿಯುತ್ತೆ. ಚೆನ್ನಾಗಿದೆ. ಆದ್ರೆ ಆ ಮನುಷ್ಯ ಒಂದಿನ ನಮ್ಮ ಯಾವುದಾದ್ರೂ ತಾಲ್ಲೂಕು ಕೋರ್ಟಿನ ಮುಂದಿನ ಕ್ಯಾಂಟೀನಲ್ಲಿ ಕೂತಿದ್ರೆ ಗೊತ್ತಾಗ್ತಿತ್ತು. ಅರ್ಧ ಜೀನ್ ಹಂಚ್ಕೊಂಡು ಹುಟ್ಟಿದ ಅಣ್ಣತಮ್ಮ, ಅಪ್ಪನ 30-40 ಸೈಟನ್ನ ಹಂಚ್ಕೊಳೋಕಾಗದೆ ಭಾಗದ ಕೇಸ್ ಹಾಕ್ಕೊಂಡು, ಇಬ್ಬರೂ ಒಂದೇ ಬಸ್ಸಲ್ಲಿ ಬಂದು, ಬೇರೆ ಬೇರೆ ಟೇಬಲಲ್ಲಿ ಇಡ್ಲಿ ತಿಂದು, ಮುಂದಿನ ತಾರೀಕು ತಗೊಂಡು ಅದೇ ಬಸ್ಸಲ್ಲಿ ವಾಪಸ್ ಹೋಗ್ತಾರೆ.

ರಕ್ತಸಂಬಂಧವೇ ಎಲ್ಲ ಅಲ್ಲ ಅಂತ ತೋರಿಸಿದವರು ನಮ್ಮ ಬೆಂಗಳೂರಲ್ಲೇ ಇದ್ದಾರೆ. ಐಐಎಸ್‌ಸಿಯ ರಾಘವೇಂದ್ರ ಗದಗಕರ್ ದಶಕಗಟ್ಟಲೆ ಕಣಜದ ಗೂಡುಗಳನ್ನ ಕಾಯ್ತಾ ಕೂತವರು. ರೊಪಾಲಿಡಿಯಾ ಮಾರ್ಜಿನೇಟಾ ಅಂತ ಹೆಸರು, ಕಿಟಕಿ ಸಜ್ಜೆ ಕೆಳಗೆ ಕಾಗದದಂಥ ಗೂಡು ಕಟ್ಟುತ್ತಲ್ಲ, ಆ ಥರದ್ದು. ಅಲ್ಲಿ ಒಂದು ರಾಣಿ ಮೊಟ್ಟೆ ಇಡುತ್ತೆ, ಮಿಕ್ಕವು ಬಹುಪಾಲು ತಮ್ಮ ಸಂತಾನದ ಆಸೆ ಬಿಟ್ಟು ಗೂಡಿಗೆ ದುಡೀತವೆ. ಮಜಾ ಏನಂದ್ರೆ ರಾಣಿ ಒಂದಕ್ಕಿಂತ ಹೆಚ್ಚು ಗಂಡುಗಳ ಜೊತೆ ಕೂಡಿರುತ್ತೆ, ರಾಣಿಯರೂ ಬದಲಾಗ್ತಾ ಹೋಗ್ತಾರೆ, ಹಾಗಾಗಿ ಗೂಡೊಳಗಿನ ನಂಟು ಹ್ಯಾಮಿಲ್ಟನ್ ಲೆಕ್ಕ ಬಯಸೋವಷ್ಟು ಹತ್ತಿರದ್ದಲ್ಲ. ಆದ್ರೂ ದುಡೀತವೆ, ವರ್ಷಕ್ಕೆ ಐದು ಸಲ ಅಂತ ಲೆಕ್ಕ ಇಟ್ಟಂಗಂತೂ ಕಾಣಲ್ಲ.

ಇನ್ನು 1971ರಲ್ಲಿ ಟ್ರಿವರ್ಸ್ ಅನ್ನೋರು ಬಂದು, ನೆಂಟರಲ್ಲದವರಿಗೂ ಯಾಕೆ ಸಹಾಯ ಮಾಡ್ತಾರೆ ಗೊತ್ತಾ, ನಾಳೆ ಅವರು ವಾಪಸ್ ಮಾಡ್ತಾರೆ ಅಂತ, ಅಂದ್ರು. ದೊಡ್ಡ ಹೆಸರಾಯ್ತು. ನಮ್ಮ ಕಡೆ ಹಳ್ಳಿಲಿ ಯಾರನ್ನ ಕೇಳಿದ್ರೂ ಬಿಟ್ಟಿಯಾಗಿ ಹೇಳಿರೋರು. ಮುಯ್ಯಾಳು ಅಂದ್ರೆ ಇನ್ನೇನು, ಇವತ್ತು ನಿನ್ನ ಗದ್ದೆ ನಾಟಿಗೆ ನಾನು, ನಾಳಿದ್ದು ನನ್ನ ಗದ್ದೆಗೆ ನೀನು. ಬರದಿದ್ರೆ ಮುಂದಿನ ಮಳೆಗಾಲದಲ್ಲಿ ನೋಡ್ಕೋತೀನಿ. ಮದುವೆಮನೆ ಮುಯ್ಯಿ ಬಗ್ಗೆ ಆ ಪುಣ್ಯಾತ್ಮರಿಗೆ ಗೊತ್ತಿದ್ರೆ ಇನ್ನೊಂದು ಪ್ರಬಂಧ ಬರೀತಿದ್ರು. ಊಟದ ಹಾಲ್ ಬಾಗಿಲಲ್ಲಿ ಟೇಬಲ್ ಹಾಕ್ಕೊಂಡು ಕೂತಿರ್ತಾರಲ್ಲ ಇಬ್ಬರು, ಒಬ್ಬ ನೋಟು ಎಣಿಸೋನು, ಇನ್ನೊಬ್ಬ ಪುಸ್ತಕದಲ್ಲಿ ಹೆಸರು, ಊರು, ಮೊತ್ತ ಬರೆಯೋನು. ಹದಿನೈದು ವರ್ಷ ಆದ್ಮೇಲೆ ಆ ಮನೆ ಮದುವೆಗೆ ಹೊರಡುವಾಗ ಅಜ್ಜಿ ಟ್ರಂಕಿಂದ ಆ ಪುಸ್ತಕ ತೆಗೆಸಿ ಕನ್ನಡಕ ಹಾಕ್ಕೊಂಡು ನೋಡ್ತಾರೆ, ಅವರು ನಮಗೆ ನೂರಾ ಒಂದು ಹಾಕಿದ್ದು, ಜೊತೆಗೆ ಒಂದು ಸ್ಟೀಲ್ ಡಬ್ಬ, ಡಬ್ಬದ ಮುಚ್ಚಳ ಸರಿಯಾಗಿ ಕೂರ್ತಿರಲಿಲ್ಲ, ನೀನು ಐನೂರು ಗಿಯ್ನೂರು ಅಂತ ಧಾರಾಳ ತೋರಿಸ್ಬೇಡ. ಸೊಸೆ ಹೇಳ್ತಾಳೆ, ಅತ್ತೆ, ಈಗ ನೂರಾ ಒಂದಕ್ಕೆ ಏನ್ ಬರುತ್ತೆ. ಬರ್ಲಿ ಬಿಡ್ಲಿ, ಲೆಕ್ಕ ಅಂದ್ರೆ ಲೆಕ್ಕ. ಈಚೆಗೆ ಮಂಟಪದ ಪಕ್ಕದಲ್ಲೇ ಕ್ಯೂಆರ್ ಕೋಡ್ ನಿಲ್ಲಿಸ್ತಾರೆ, ಅಜ್ಜಿಗೆ ಅದು ಇಷ್ಟ ಇಲ್ಲ, ಯಾರು ಎಷ್ಟು ಹಾಕಿದ್ರು ಅಂತ ಪಕ್ಕದಲ್ಲಿ ನಿಂತು ನೋಡೋಕಾಗಲ್ಲ ಅಂತ.

ದೇವಸ್ಥಾನದ ಟ್ಯೂಬ್‌ಲೈಟ್ ಕಥೆ ನಾನು ಹೇಳೋದೇ ಬೇಡ. ಬೆಳಕಿಗಿಂತ ದಾನಿಗಳ ಹೆಸರು ದಪ್ಪ. ದಾನ ಮಾಡೋದು ನಾನು ಎಷ್ಟು ಗಟ್ಟಿಕುಳ ಅಂತ ತೋರಿಸ್ಕೊಳ್ಳೋಕೆ ಅನ್ನೋ ಅರ್ಥದಲ್ಲಿ ಜಹಾವಿ ಅಂತ ಇಸ್ರೇಲಿನ ವಿಜ್ಞಾನಿ ಪಕ್ಷಿಗಳನ್ನ ನೋಡಿ ಹೇಳಿದ್ರು, ಲಾಕ್‌ಡೌನಲ್ಲಿ ಒಂದು ರೇಷನ್ ಕಿಟ್ಟನ್ನ ಹನ್ನೊಂದು ಜನ ಹಿಡ್ಕೊಂಡು ಫೋಟೋ ತೆಗೆಸ್ಕೊಂಡಿದ್ದನ್ನ ನೋಡಿದ್ರೆ ಪಕ್ಷಿಗಳನ್ನ ಅಲ್ಲಿಗೇ ಬಿಡ್ತಿದ್ರೇನೋ.

ಸರಿ, ಈಗ ಹೈವೇಲಿ ಬಿದ್ದಿರೋ ಆ ಅಪರಿಚಿತನಿಗೆ ಬರೋಣ. ಅವನು ನಿಮ್ಮ ಅಣ್ಣನೂ ಅಲ್ಲ, ಎಂಟನೇ ಕಸಿನ್ನೂ ಅಲ್ಲ. ಅವನ ಗದ್ದೆ ಎಲ್ಲಿದೆ ಗೊತ್ತಿಲ್ಲ, ಮುಯ್ಯಿ ಪುಸ್ತಕದಲ್ಲಿ ಹೆಸರಿಲ್ಲ, ಅವನ ಬೆನ್ನ ಮೇಲೆ ನಿಮ್ಮ ಹೆಸರು ಬರೆಸೋಕೂ ಆಗಲ್ಲ. ಲೆಕ್ಕ ಹಾಕೋನು ಗಾಡಿ ಸೈಡಿಗೆ ತಗೊಂಡು ಮುಂದೆ ಹೋಗ್ಬೇಕು. ಆದ್ರೆ ಯಾರೋ ಒಬ್ಬರು ಇಳಿದೇ ಇಳೀತಾರೆ. ಈ ಬುದ್ಧಿ ಎಲ್ಲಿಂದ ಬರುತ್ತೆ ಅಂತ ಜರ್ಮನಿಲಿ ವಾರ್ನೆಕೆನ್ ಮತ್ತೆ ತೊಮಾಸೆಲ್ಲೊ ಅನ್ನೋರು ಪುಟ್ಟ ಮಕ್ಕಳನ್ನ ನೋಡಿದ್ರು. 2006ರ ಪ್ರಯೋಗ: ದೊಡ್ಡವನೊಬ್ಬ ಬಟ್ಟೆ ಒಣಗಿಸೋ ಕ್ಲಿಪ್ಪನ್ನ ಕೈತಪ್ಪಿ ಕೆಳಗೆ ಹಾಕಿ ಎಟುಕದ ಥರ ಕೈ ಚಾಚ್ತಾನೆ, ಒಂದೂವರೆ ವರ್ಷದ ಮಗು, ಇನ್ನೂ ನೆಟ್ಟಗೆ ಮಾತು ಬಾರದ್ದು, ತಟ್ಟಾಡ್ಕೊಂಡು ಬಂದು ಎತ್ತಿ ಕೊಡುತ್ತೆ. ಯಾರೂ ಹೇಳಿಲ್ಲ, ಏನೂ ಕೊಟ್ಟಿಲ್ಲ. 2008ರಲ್ಲಿ ಅವರೇ ಇನ್ನೊಂದು ಮಾಡಿದ್ರು, ಇಪ್ಪತ್ತು ತಿಂಗಳ ಕೆಲವು ಮಕ್ಕಳಿಗೆ ಪ್ರತಿ ಸಹಾಯಕ್ಕೂ ಏನೋ ಬಹುಮಾನ ಕೊಟ್ಟು, ಆಮೇಲೆ ನಿಲ್ಲಿಸಿದ್ರು. ಬಹುಮಾನದ ರುಚಿ ಹತ್ತಿದ ಮಕ್ಕಳು, ಏನೂ ಸಿಗದ ಮಕ್ಕಳಿಗಿಂತ ಕಡಿಮೆ ಸಹಾಯ ಮಾಡಿದ್ವು. ಈ ಪ್ರಬಂಧ ಸಾರಿಗೆ ಸಚಿವಾಲಯದ ಯಾವ ಫೈಲಿಗೂ ಸೇರಿಲ್ಲ ಅಂತ ಕಾಣುತ್ತೆ.

ಮಧ್ಯೆ ಜಾರ್ಜ್ ಪ್ರೈಸ್ ಅಂತ ಒಬ್ಬ ನೆನಪಾಗ್ತಾನೆ. ಹ್ಯಾಮಿಲ್ಟನ್ನನ ಲೆಕ್ಕವನ್ನ ಇನ್ನೂ ಚೊಕ್ಕವಾಗಿ 1970ರಲ್ಲಿ ಸಮೀಕರಣ ಮಾಡಿ ಕೊಟ್ಟವನು. ಒಳ್ಳೆತನ ಬರೀ ಲೆಕ್ಕವೇ ಆಗಿದ್ರೆ ಹೆಂಗೆ ಅಂತ ತಲೆಗೆ ಹತ್ತಿಸ್ಕೊಂಡನೋ ಏನೋ, ಲಂಡನ್ನಿನ ಬೀದಿಲಿ ಮನೆ ಮಠ ಇಲ್ಲದವರನ್ನ ತನ್ನ ಮನೆಗೆ ಕರೆದು ಇಟ್ಕೊಂಡ, ಇದ್ದಿದ್ದೆಲ್ಲ ಕೊಟ್ಟುಬಿಟ್ಟ, 1975ರ ಜನವರಿಲಿ ತನ್ನ ಜೀವ ತಾನೇ ತಗೊಂಡ. ಅವನ ವಿಷಯದಲ್ಲಿ ತಮಾಷೆ ಮಾಡೋಕೆ ನನಗೆ ಬರಲ್ಲ.

ಅಮೆರಿಕದ ಪ್ರಿನ್ಸ್‌ಟನ್‌ನ 1973ರ ಪ್ರಯೋಗದ ಬಗ್ಗೆ ಮಾತ್ರ ತಮಾಷೆ ಮಾಡ್ಬಹುದು. ಪಾದ್ರಿಗಳಾಗೋಕೆ ಓದ್ತಿದ್ದ ಹುಡುಗರಿಗೆ ಪಕ್ಕದ ಕಟ್ಟಡದಲ್ಲಿ ಭಾಷಣ ಮಾಡಿ ಅಂತ ಹೇಳಿ ಕಳಿಸಿದ್ರು, ಅದರಲ್ಲಿ ಕೆಲವರಿಗೆ ಕೊಟ್ಟ ವಿಷಯ ಏಸು ಹೇಳಿದ ಗುಡ್ ಸಮರಿಟನ್ ಕಥೆ, ಅದೇ, ಪುರೋಹಿತ ನೋಡಿಯೂ ನೋಡದಂಗೆ ಹೋದ, ಯಾರೋ ಹೊರಗಿನವನು ಬಂದು ಗಾಯಾಳುನ ಎತ್ತಿದ ಅನ್ನೋದು. ದಾರೀಲಿ ಒಬ್ಬನನ್ನ ಕೆಮ್ಮುತ್ತಾ ನರಳ್ತಾ ಕೂರಿಸಿದ್ರು. ಟೈಮಿದ್ದವರಲ್ಲಿ 63 ಪರ್ಸೆಂಟ್ ನಿಂತು ವಿಚಾರಿಸಿದ್ರು. 'ಲೇಟಾಯ್ತು ಓಡು' ಅಂತ ಕಳಿಸಿದವರಲ್ಲಿ 10. ಕಥೆ ಹೇಳೋಕೆ ಹೊರಟಿದ್ದ ಕೆಲವರು ಆ ಮನುಷ್ಯನನ್ನ ದಾಟ್ಕೊಂಡೇ ಹೋದ್ರು. ಸಿಲ್ಕ್ ಬೋರ್ಡಲ್ಲಿ ಬೆಳಗ್ಗೆ ಒಂಬತ್ತಕ್ಕೆ ಲಾಗಿನ್ ಟೈಮ್ ಮೀರ್ತಿರೋರ ಹತ್ರ ನಾವು ಎಷ್ಟು ಪರ್ಸೆಂಟ್ ನಿರೀಕ್ಷೆ ಮಾಡ್ಬೇಕು ನೀವೇ ಹೇಳಿ.

ಹೋಗ್ಲಿ, ನಗೋದು ಸಾಕು. 2016ರ ಫೆಬ್ರವರಿಲಿ ನೆಲಮಂಗಲದ ಹತ್ರ ಲಾರಿ ಹರಿದು ದೇಹ ಎರಡು ತುಂಡಾಗಿ ಬಿದ್ದಿದ್ದ ಹರೀಶ್ ಅನ್ನೋ ಹುಡುಗ, ನನ್ನ ಅಂಗ ದಾನ ಮಾಡಿ ಅಂತ ಕೇಳ್ಕೊಂಡು ಸತ್ತ. ಅವನಿಗಿಂತ ದೊಡ್ಡ ಮನುಷ್ಯ ಯಾರು. ರಾಜ್ಯ ಸರ್ಕಾರ ಅವನ ಹೆಸರಲ್ಲೇ ಸಾಂತ್ವನ-ಹರೀಶ್ ಯೋಜನೆ ಮಾಡ್ತು, ಅಪಘಾತ ಆದವರಿಗೆ ಮೊದಲ 48 ಗಂಟೆ 25,000 ರೂಪಾಯಿವರೆಗೆ ಚಿಕಿತ್ಸೆ. ಮುಂದಿನ ಫೆಬ್ರವರಿಲೇ ಕೊಪ್ಪಳದಲ್ಲಿ ಸೈಕಲಲ್ಲಿ ಹೋಗ್ತಿದ್ದ 18 ವರ್ಷದ ಹುಡುಗನ ಮೇಲೆ ಸರ್ಕಾರಿ ಬಸ್ ಹರೀತು, ಅವನು ರಸ್ತೆಲಿ ಬಿದ್ದು ಸಹಾಯ ಕೇಳ್ತಿದ್ದ, ಸುತ್ತ ನಿಂತವರು ಮೊಬೈಲಲ್ಲಿ ವಿಡಿಯೋ ಮಾಡ್ತಿದ್ರು. ಆ ವಿಡಿಯೋ ನೋಡಿ ನಾವೆಲ್ಲ, ಮನುಷ್ಯತ್ವ ಸತ್ತೋಯ್ತು ಅಂತ ಸ್ಟೇಟಸ್ ಹಾಕಿದ್ವಿ. ನಾನು ಅದನ್ನ ನಂಬಲ್ಲ. 2013ರಲ್ಲಿ ಸೇವ್‌ಲೈಫ್ ಫೌಂಡೇಶನ್ ಅನ್ನೋ ರಸ್ತೆ ಸುರಕ್ಷತೆ ಸಂಸ್ಥೆ ದೇಶದಲ್ಲಿ ಸರ್ವೆ ಮಾಡಿದಾಗ 74 ಪರ್ಸೆಂಟ್ ಜನ ಗಾಯಾಳುಗೆ ಸಹಾಯ ಮಾಡೋಕೆ ಹೋಗಲ್ಲ ಅಂದ್ರು, ಅವರಲ್ಲಿ 88 ಪರ್ಸೆಂಟ್ ಹೇಳಿದ ಕಾರಣ ಪೊಲೀಸು, ಕೋರ್ಟು, ಕೇಸು. ಕರುಣೆ ಇಲ್ಲ ಅಂತಲ್ಲ ಕಣ್ರೀ, ಹೆದರಿಕೆ. ಎತ್ತಿದವನನ್ನೇ ಸ್ಟೇಷನಲ್ಲಿ ರಾತ್ರಿವರೆಗೆ ಕೂರಿಸಿ 'ನೀನೇ ಗುದ್ದಿರ್ಬೇಕು' ಅನ್ನೋದು, ಆಸ್ಪತ್ರೆಲಿ ಅಡ್ವಾನ್ಸ್ ಯಾರು ಕಟ್ತೀರಿ ಅಂತ ಅವನ ಮುಖಾನೇ ನೋಡೋದು, ಮೂರು ವರ್ಷ ಆದ್ಮೇಲೆ ಸಾಕ್ಷಿ ಸಮನ್ಸ್ ಬಂದು ಕೂಲಿ ಬಿಟ್ಟು ಕೋರ್ಟಿಗೆ ಅಲೆಯೋದು. ಒಂದೂವರೆ ವರ್ಷದ ಮಗುವಿಗೆ ತಾನಾಗೇ ಬರೋ ಬುದ್ಧಿಯನ್ನ ಇಷ್ಟು ವರ್ಷ ಬಡಿದು ಬಡಿದು ಸಾಯಿಸಿ, ಈಗ ರೇಟ್ ಫಿಕ್ಸ್ ಮಾಡ್ತೀರಾ?

ಕಾನೂನಿಲ್ಲ ಅಂತಲ್ಲ, ಬೇಕಾದಷ್ಟಿದೆ. ಎತ್ತಿದವರಿಗೆ ತೊಂದರೆ ಕೊಡ್ಬೇಡಿ ಅಂತ 2016ರ ಮಾರ್ಚಲ್ಲಿ ಸುಪ್ರೀಂ ಕೋರ್ಟ್ ಹೇಳ್ತು, ನಮ್ಮ ರಾಜ್ಯವೂ ತನ್ನದೇ ಕಾಯ್ದೆ ಮಾಡ್ತು, 2019ರಲ್ಲಿ ಮೋಟಾರು ವಾಹನ ಕಾಯ್ದೆಗೆ ಅವರಿಗೆ ರಕ್ಷಣೆ ಕೊಡೋ 134ಎ ಅನ್ನೋ ಕಲಂ ಸೇರ್ತು. ಸಹಾಯ ಮಾಡಿದವನ ಹೆಸರು ವಿಳಾಸ ಯಾರೂ ಬಲವಂತವಾಗಿ ಕೇಳೋಹಾಗಿಲ್ಲ, ಈ ಹಕ್ಕುಗಳನ್ನ ಪ್ರತಿ ಆಸ್ಪತ್ರೆ ಬಾಗಿಲಲ್ಲಿ ಸ್ಥಳೀಯ ಭಾಷೆಲೂ ಬರೆದು ಹಾಕ್ಬೇಕು ಅಂತ 2020ರ ನಿಯಮ. ಮುಂದಿನ ಸಲ ಆಸ್ಪತ್ರೆಗೆ ಹೋದಾಗ ಆ ಬೋರ್ಡ್ ಹುಡುಕಿ, 'ಚಪ್ಪಲಿ ಹೊರಗೆ ಬಿಡಿ' ಮತ್ತೆ 'ಕ್ಯಾಶ್ ಕೌಂಟರ್' ಮಧ್ಯೆ ಎಲ್ಲಾದ್ರೂ ಇರಬಹುದು. ಒಂದು ಕಡೆ ಹೆಸರು ಹೇಳೋದು ಬೇಡ ಅಂತ ಕಾನೂನು, ಇನ್ನೊಂದು ಕಡೆ ಬಹುಮಾನ ಬೇಕಾದ್ರೆ ಪೊಲೀಸರು ತಮ್ಮ ಲೆಟರ್‌ಹೆಡ್ಡಲ್ಲಿ ಇವನ ಹೆಸರು, ವಿಳಾಸ, ಮೊಬೈಲ್ ನಂಬರ್, ಘಟನೆ ನಡೆದ ಜಾಗ, ದಿನ, ಟೈಮು, ಹೆಂಗೆ ಎತ್ತಿದ ಅನ್ನೋದೆಲ್ಲ ಬರ್ಕೊಡ್ಬೇಕು. ಅಂದ್ರೆ ಯಾವ ಸ್ಟೇಷನ್ ಬಾಗಿಲಿಗೆ ಹೆದರಿ ಜನ ಎತ್ತದೆ ಹೋಗ್ತಿದ್ರೋ, ದುಡ್ಡು ಬೇಕಾದ್ರೆ ಅದೇ ಬಾಗಿಲಿಗೆ ಬಾ ಅಂತ.

ಆಮೇಲೆ ಆ ಕಾಗದ ಜಿಲ್ಲಾ ಕಮಿಟಿಗೆ ಹೋಗುತ್ತೆ. ಅದರಲ್ಲಿ ಡಿಸಿ ಇರ್ತಾರೆ, ಎಸ್‌ಪಿ ಇರ್ತಾರೆ, ಜಿಲ್ಲಾ ಆರೋಗ್ಯಾಧಿಕಾರಿ ಇರ್ತಾರೆ, ಆರ್‌ಟಿಒ ಇರ್ತಾರೆ, ನಾಲ್ಕೂ ಜನ ಕೂತು ಒಬ್ಬ ಗಾಡಿಯವನ ಒಳ್ಳೆತನ ಅಸಲೀನಾ ನಕಲೀನಾ ಅಂತ ತೂಗ್ತಾರೆ. 2022ರ ಒಂದೇ ವರ್ಷದಲ್ಲಿ ಈ ದೇಶದ ರಸ್ತೆಗಳಲ್ಲಿ 1,68,491 ಜನ ಸತ್ತಿದಾರೆ. ಆ ತಿರುವಲ್ಲಿ ಡಿವೈಡರ್ ಯಾಕಿಲ್ಲ, ಲೈಟ್ ಕಂಬ ಹಾಕಿ ಕರೆಂಟ್ ಯಾಕೆ ಕೊಟ್ಟಿಲ್ಲ, ಅದೇ ಗುಂಡಿಗೆ ಎಷ್ಟು ಸಲ ಬಿಲ್ ಆಗಿದೆ ಅಂತ ಕೇಳೋಕೆ ರಸ್ತೆ ಮಾಡಿಸಿದ ಇಂಜಿನಿಯರನ್ನೂ ಆ ಟೇಬಲಿಗೆ ಕರೀಬಹುದಿತ್ತು. ಕರೆದಿಲ್ಲ. ಅವರು ಬಿಜಿ ಇರ್ತಾರೆ, ಟೆಂಡರ್ ಓಪನ್ ಮಾಡೋದಿರುತ್ತೆ.