ಇದೆಯೋ ಇಲ್ಲವೋ, ಅಷ್ಟೇ ಹೇಳಿ

ಕೋರ್ಟು ಮುಗಿಸಿ ಉಡುಪಿಯಿಂದ ಬಸ್ಸಲ್ಲಿ ವಾಪಸ್ ಬರುವಾಗ ಸಾಲು ಸಾಲು ಉತ್ತರ ಹೊಳೆಯಿತು. ಕಟಕಟೆಯಲ್ಲಿ ನಿಂತಾಗ ಒಂದೂ ಬರಲಿಲ್ಲ.

ಜಾಗದ ಗಡಿಗಾಗಿ ನಾನು ದಾವೆ ಹಾಕಿದ್ದು ನಮ್ಮದೇ ದಾಯಾದಿ ತಮ್ಮನ ಮೇಲೆ. ಅವನ ವಕೀಲರು ಚಕ್ಕುಬಂದಿ, ಅಂದರೆ ಜಾಗದ ಸುತ್ತಲಿನ ಗಡಿ, ಹೇಳಿ ಅಂದರು. ಹೇಳಿದೆ. ಮೂಡು ಬದಿ ತೋಡು, ತೆಂಕು ಬದಿ ಪಂಚಾಯತ್ ರಸ್ತೆ, ಪಡು ಬದಿ ಹಲಸಿನ ಮರ, ಅದರ ಬುಡದಲ್ಲಿ ಗಡಿಕಲ್ಲು. "ಪಡು ಅಂದರೆ ಯಾವ ಕಡೆ, ಕೈ ತೋರಿಸಿ." ನಾಲ್ಕು ಗೋಡೆಯ ಒಳಗೆ ಸೂರ್ಯ ಎಲ್ಲಿ ಕಾಣುತ್ತಾನೆ? ಗಾಬರಿಯಲ್ಲಿ ನ್ಯಾಯಾಧೀಶರ ಕಡೆಗೇ ಕೈ ತೋರಿಸಿದೆ. ಶಾಲೆಯಲ್ಲಿ ಮಕ್ಕಳಿಗೆ ದಿಕ್ಕು ಕಲಿಸಿದವಳು ನಾನು!

"ಮರ ಈಗ ಇದೆಯಾ?"

"ಅದು ಸ್ವಾಮಿ, ಆವಾಗ..."

"ಇದೆಯೋ ಇಲ್ಲವೋ, ಅಷ್ಟೇ ಹೇಳಿ."

"ಇಲ್ಲ."

"ಕಡಿಸಿದ್ದು ಯಾರು?"

"ನಮ್ಮ ಅಪ್ಪ."

ಹಿಂದಿನ ಬೆಂಚಿನಲ್ಲಿ ಯಾರೋ ನಕ್ಕರು. ಟೈಪ್ ಮಾಡುವವರು ತಲೆ ಎತ್ತದೆ ಹೊಡೆದರು: ಮರವನ್ನು ನನ್ನ ತಂದೆಯೇ ಕಡಿಸಿದ್ದಾರೆ ಎಂದರೆ ಸರಿ. ಮುಗಿಯಿತು. ಯಾಕೆ ಕಡಿಸಿದರು ಅಂತ ಒಬ್ಬರೂ ಕೇಳಲಿಲ್ಲ. ಇವನ ಹೊಸ ಮನೆಯ ದಾರಂದಕ್ಕೆ, ಬಾಗಿಲ ಚೌಕಟ್ಟಿಗೆ! ಹಲಸೇ ಬೇಕು ದೊಡ್ಡಪ್ಪ ಅಂತ ನಮ್ಮ ಅಂಗಳಕ್ಕೆ ಬಂದು ಕೇಳಿದ್ದು ಇವನೇ. ಅಪ್ಪ ಒಂದು ಪೈಸೆ ಮುಟ್ಟಲಿಲ್ಲ. ಈಗ ಅದೇ ಬಾಗಿಲು ದಾಟಿ ಕೋರ್ಟಿಗೆ ಬರುತ್ತಾನೆ. ಅವನ ವಕೀಲರ ಕೊನೆಯ ಪ್ರಶ್ನೆಗೆ ನಾನು ಅಲ್ಲ ಅಂದದ್ದು ಟೈಪ್ ಆದದ್ದು ಹೀಗೆ: ನಾನು ದುರಾಸೆಯಿಂದ ಸುಳ್ಳು ದಾವೆ ಹಾಕಿದ್ದೇನೆ ಎಂದರೆ ಸರಿಯಲ್ಲ. ಇಂಥದ್ದಕ್ಕೆಲ್ಲ ಸಹಿ ಹಾಕಿ ಹೊರಗೆ ಬಂದರೆ, ಜಗಲಿಯಲ್ಲಿ ನಿಂತು "ಊಟ ಆಯ್ತಾ ಅಕ್ಕ?" ಅನ್ನುತ್ತಾನೆ. ನಾನು ಬೇರೆ "ಆಯ್ತು" ಅಂದೆ. ಬೆಳಿಗ್ಗೆಯಿಂದ ಒಂದು ಲೋಟ ಚಾ ಬಿಟ್ಟು ಏನೂ ಇಲ್ಲ.

ಸರ್ವೆಯರ್ ಬಂದು ಗಡಿ ಅಳೆದು ಹದ್ದುಬಸ್ತು ಮಾಡಿದರೆ ಇವನು ಸಹಿ ಹಾಕಲಿಲ್ಲ. ಪೊಲೀಸರ ಹತ್ತಿರ ಹೋದರೆ ಇದು ಸಿವಿಲ್ ಅಮ್ಮ, ಕೋರ್ಟಿಗೆ ಹೋಗಿ ಅಂದರು. ಹೋದೆ. ಕೋರ್ಟ್ ಕಮಿಷನರನ್ನು ನೇಮಿಸಿ, ಜಾಗಕ್ಕೆ ಬಂದು ಅಳೆಯಲಿ ಅಂತ ಅರ್ಜಿ ಹಾಕಿದೆವು. ಅದಕ್ಕೆ ಇವನ ಆಕ್ಷೇಪಣೆ. ಆಕ್ಷೇಪಣೆ ಬರೆಯಲಿಕ್ಕೆ ವಾಯಿದೆ, ಅಂದರೆ ಕೇಸು ಮುಂದಿನ ತಾರೀಖಿಗೆ. ಬರೆದದ್ದನ್ನು ಕೊಡಲಿಕ್ಕೆ ಮತ್ತೊಂದು ವಾಯಿದೆ.

ವಿಚಾರಣೆ ನಡೆಯುವಾಗ ಒಬ್ಬ ಕಕ್ಷಿಗಾರನಿಗೆ ಮೂರಕ್ಕಿಂತ ಜಾಸ್ತಿ ಸಲ ವಾಯಿದೆ ಕೊಡಬಾರದು ಅಂತ ಸಿವಿಲ್ ಪ್ರಕ್ರಿಯಾ ಸಂಹಿತೆಯ 17ನೇ ಆದೇಶದಲ್ಲೇ ಇದೆ. ನಾನೇ ಓದಿದ್ದೇನೆ. ನಮ್ಮ ವಕೀಲರಿಗೆ ತೋರಿಸಿದರೆ ನಕ್ಕರು. ಯಾಕೆ ನಕ್ಕರು? ಇದನ್ನು ಓದುವವರಲ್ಲಿ ವಕೀಲರು ಇದ್ದರೆ ದಯವಿಟ್ಟು ಹೇಳಿ. ವಕೀಲರಲ್ಲದಿದ್ದರೂ ಹೇಳಿ. ಯಾರಾದರೂ ಒಬ್ಬರು ಹೇಳಿ ಮಾರಾಯ್ರೆ!

ಇಷ್ಟೆಲ್ಲ ಎಷ್ಟು ಜಾಗಕ್ಕೆ ಗೊತ್ತಾ? ಅರ್ಧ ಸೆಂಟ್ಸ್. ಒಂದು ಸೆಂಟ್ಸ್ ಅಂದರೆ 435.6 ಚದರ ಅಡಿ, ಅದರಲ್ಲಿ ಅರ್ಧ. ಒಂದು ಕಾರು ನಿಲ್ಲಿಸಬಹುದು. ನನಗೆ ಕಾರಿಲ್ಲ. ವಕೀಲರ ಫೀಸು ಲೆಕ್ಕ ಹಾಕಿದರೆ ಆ ಮಣ್ಣನ್ನು ಬುಟ್ಟಿಯಲ್ಲಿ ತುಂಬಿ ಮನೆಗೆ ತರುವಷ್ಟು ಆಗಿದೆ.

ಲೋಕ್ ಅದಾಲತ್‌ನಲ್ಲಿ ರಾಜಿ ಮಾಡಿ ಮುಗಿಸಿ, ಕೋರ್ಟ್ ಫೀಸೂ ವಾಪಸ್ ಸಿಗುತ್ತದೆ, ಮೇಲೆ ಅಪೀಲಿನ ತಲೆಬಿಸಿಯೂ ಇಲ್ಲ ಅಂದರು. ನಾನು ಹೂಂ ಅಂದೆ. ಇವನು "ಅಕ್ಕ ಹೇಳಿದ ಹಾಗೆ" ಅಂದ. ಆ ದಿನ ಬರಲೇ ಇಲ್ಲ.

ಸಾಕು. ಕೊಟ್ಟುಬಿಡುತ್ತೇನೆ, ತಿನ್ನಲಿ. ಇಲ್ಲ, ಯಾಕೆ ಕೊಡಬೇಕು? ಗಡಿಕಲ್ಲು ಕಿತ್ತದ್ದು ಯಾರು ಅಂತ ಮೊದಲು ಹೇಳಲಿ. ಹೈಕೋರ್ಟಿಗಾದರೂ ಹೋಗುತ್ತೇನೆ. ಮೊಣಕಾಲು ನೋವು, ಬಸ್ ಹತ್ತಲಿಕ್ಕೇ ಆಗುವುದಿಲ್ಲ, ಅದು ಬೇರೆ ವಿಷಯ.

ಈಗಷ್ಟೇ ಇವನ ಫೋನ್ ಬಂತು. ನಾಗರ ಪಂಚಮಿಗೆ ನಾಗನ ಕಲ್ಲಿಗೆ ತನು ಎರೆಯಲಿಕ್ಕೆ ಹಾಲು, ಸೀಯಾಳ ಎಲ್ಲ ತಾನೇ ತರುತ್ತಾನಂತೆ, ನಾನು ಸುಮ್ನೆ ಬಂದರೆ ಸಾಕಂತೆ. ತರಲಿ. ನಾಗಬನ ಯಾರ ಪಾಲಿನಲ್ಲಿದೆ, ಇದೆಯೋ ಇಲ್ಲವೋ ಅಷ್ಟೇ ಹೇಳಿ ಅಂತ ಮುಂದಿನ ವಾಯಿದೆಯಲ್ಲಿ ಕೇಳಿಸುತ್ತಾನೇನೋ.