ಪ್ಯಾರಿಸ್‌ನಲ್ಲಿ ಪಾಸಾಗುವುದು ಹೇಗೆ?

ಐವತ್ತಕ್ಕೂ ಹೆಚ್ಚು ಮ್ಯೂಸಿಯಂಗಳು, ಸ್ಮಾರಕಗಳು. ಒಂದೇ ಪಾಸು. 48, 96 ಅಥವಾ 144 ಗಂಟೆ. ಪ್ಯಾರಿಸ್ ಮ್ಯೂಸಿಯಂ ಪಾಸಿನ ಬಗ್ಗೆ ಇಷ್ಟು ಓದಿದರೆ ಸಾಕು, ಯುರೋಪ್ ಪ್ರವಾಸಕ್ಕೆ ಹೊರಟವರ ತಲೆಯೊಳಗಿನ ಗುಮಾಸ್ತ ಎದ್ದು ಕೂರುತ್ತಾನೆ. ಐವತ್ತನ್ನು ನಲವತ್ತೆಂಟರಿಂದ ಭಾಗಿಸುತ್ತಾನೆ. ಊಟ, ನಿದ್ದೆ, ಸ್ನಾನ ಬಿಟ್ಟು ಗಂಟೆಗೊಂದರಂತೆ ಮುಗಿಸಿದರೂ ಎರಡು ಬಾಕಿ ಉಳಿಯುತ್ತವಲ್ಲ! ಶುದ್ಧ ಲುಕ್ಸಾನು. “ನಾಲ್ಕು ದಿನದ್ದೇ ತಗೊಳ್ಳಿ ರೀ” ಎಂದು ಅಡುಗೆಮನೆಯಿಂದ ಸಲಹೆ ಬರುತ್ತದೆ. ಪ್ಯಾರಿಸ್‌ನಲ್ಲಿ ಏನು ನೋಡೋಣ ಎಂಬ ಪ್ರಶ್ನೆ ಅಲ್ಲಿಗೆ ಎದ್ದು ಹೊರಗೆ ಹೋಯಿತು. ಪಾಸು ವಸೂಲು ಮಾಡುವುದು ಹೇಗೆ ಎಂಬ ಪ್ರಶ್ನೆ ಒಳಗೆ ಬಂದು ಕಾಲು ಚಾಚಿ ಕೂತಿತು.

ನಮಗೆ ಪಾಸು ಹೊಸದೇನಲ್ಲ. ಬಿಎಂಟಿಸಿ ದಿನದ ಪಾಸು ತೆಗೆದುಕೊಂಡವರು ಎಷ್ಟೋ ಮಂದಿ. ಆದರೆ ಪಾಸು ವಸೂಲಾಗಲಿ ಎಂದು ಕೆಂಗೇರಿಯಿಂದ ಹೊಸಕೋಟೆಗೆ ಸುಮ್ಮನೆ ಹೋಗಿ, ಅಲ್ಲಿ ಇಳಿದು, ಮತ್ತೆ ಹತ್ತಿ ಬಂದವರು ಯಾರೂ ಇಲ್ಲ. ಅದೇ ಮನುಷ್ಯ ಪ್ಯಾರಿಸ್‌ನಲ್ಲಿ ಅದನ್ನೇ ಮಾಡುತ್ತಾನೆ, ಫೋಟೋ ಬೇರೆ ಹಾಕುತ್ತಾನೆ.

ಪಾಸಿನ ಗಡಿಯಾರ ಶುರುವಾಗುವುದು ಮೊದಲ ಬಾಗಿಲಲ್ಲಿ ಸ್ಕ್ಯಾನ್ ಆದ ಕ್ಷಣದಿಂದ. ಅಲ್ಲಿಂದ ಗಂಟೆಗಳು ಸತತ; ರಾತ್ರಿಯೂ ಲೆಕ್ಕಕ್ಕೆ ಜಮೆ. ದೊಡ್ಡ ಮ್ಯೂಸಿಯಂಗಳು ತೆರೆಯುವುದು ಬೆಳಿಗ್ಗೆ ಒಂಬತ್ತು, ಒಂಬತ್ತೂವರೆಗೆ. ಮುಚ್ಚುವುದು ಸಂಜೆ ಆರಕ್ಕೆ. ಅಂದರೆ 48 ಗಂಟೆಯ ಪಾಸಿನಲ್ಲಿ ಕೈಗೆ ಸಿಗುವುದು ಸುಮಾರು ಹದಿನೇಳು ಗಂಟೆ. ಮಿಕ್ಕ ಮೂವತ್ತೊಂದು ಗಂಟೆ ನಾವು ಹೋಟೆಲಿನ ಹಾಸಿಗೆಯಲ್ಲಿ ಮಗ್ಗುಲು ಬದಲಿಸುತ್ತಿದ್ದರೂ, ಪಾಸು ನಿಂತ ಆಟೋದ ವೇಟಿಂಗ್ ಮೀಟರಿನಂತೆ ಓಡುತ್ತಿರುತ್ತದೆ.

ಇದಕ್ಕೊಂದು ಉಪಾಯವಿದೆ. ಬುಧವಾರ ಮಧ್ಯಾಹ್ನ ಎರಡು ಗಂಟೆಗೆ ಲೂವ್ರ್‌ನಲ್ಲಿ ಶುರು ಮಾಡಿದರೆ, ಅವತ್ತು ಅದು ರಾತ್ರಿ ಒಂಬತ್ತರವರೆಗೆ ತೆರೆದಿರುತ್ತದೆ. ಗುರುವಾರ ಒರ್ಸೇ ಮ್ಯೂಸಿಯಂ ರಾತ್ರಿ 9.45ರವರೆಗೆ. ಶುಕ್ರವಾರ ಎರಡು ಗಂಟೆಯೊಳಗೆ ಇನ್ನೊಂದು ಬಾಗಿಲು ದಾಟಿದರೆ ಎರಡು ದಿನದ ಪಾಸಿಗೆ ಮೂರು ದಿನದ ಸುಗ್ಗಿ. ಬಲ್ಲವರು ಹೀಗೆ ಮಾಡುತ್ತಾರೆ. ಅರಿಯದವರು ಮಾತ್ರ ವಾರದ ಮೊದಲ ದಿನ ಶುಭ ಎಂದುಕೊಂಡು ಸೋಮವಾರ ಬೆಳಿಗ್ಗೆ ಹಣೆಗೆ ಕುಂಕುಮ ಇಟ್ಟುಕೊಂಡು ಹೊರಡುತ್ತಾರೆ. ಸೋಮವಾರ ಒರ್ಸೇಗೆ ರಜೆ, ರೋದಾಂ ಮ್ಯೂಸಿಯಂಗೆ ರಜೆ, ವರ್ಸೇಲ್ಸ್ ಅರಮನೆಗೂ ರಜೆ. ಹೋಗಲಿ, ನಾಳೆ ನೋಡೋಣ ಎಂದರೆ ಮಂಗಳವಾರ ಲೂವ್ರ್‌ಗೆ ರಜೆ, ಚಿತ್ರಕಾರ ಮೋನೆಯ ನೈದಿಲೆ ಚಿತ್ರಗಳಿರುವ ಒರಾಂಜರಿ ಮ್ಯೂಸಿಯಂಗೂ ರಜೆ. ಆಧುನಿಕ ಕಲೆಯ ಪೊಂಪಿದೂ ಕೇಂದ್ರವಂತೂ ಸೋಮ ಮಂಗಳ ಎಂದು ಭೇದ ಮಾಡದೆ 2025ರ ಸೆಪ್ಟೆಂಬರ್‌ನಲ್ಲೇ ದುರಸ್ತಿಗೆ ಬಾಗಿಲು ಹಾಕಿಕೊಂಡಿದೆ. ಮತ್ತೆ ತೆರೆಯುವುದು 2030ಕ್ಕಂತೆ. 144 ಗಂಟೆಯ ಪಾಸಿಗೂ ಅದು ದಕ್ಕದು.

ಸರಿಯಾದ ವಾರವನ್ನೇ ಆರಿಸಿಕೊಂಡಿರಿ ಎನ್ನೋಣ. ಪಾಸು ಕೈಯಲ್ಲಿದೆ, ಕ್ಯೂಆರ್ ಕೋಡ್ ಫೋನಿನಲ್ಲಿದೆ. ಆದರೂ ಒಳಗೆ ಬಿಡುವುದಿಲ್ಲ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬ ಗಾದೆ ಫ್ರೆಂಚರಿಗೆ ಗೊತ್ತಿಲ್ಲದಿದ್ದರೂ, ಅವರು ಅದನ್ನು ವೆಬ್‌ಸೈಟಿಗೆ ಇಳಿಸಿದ್ದಾರೆ. ಲೂವ್ರ್, ಸೇಂತ್ ಶಪೆಲ್ ಎಂಬ ಪ್ರಾರ್ಥನಾ ಮಂದಿರ, ವರ್ಸೇಲ್ಸ್ ಮುಂತಾದ ಕಡೆ ಪಾಸಿದ್ದವರೂ ಗಂಟೆಯ ಸ್ಲಾಟ್ ಕಾಯ್ದಿರಿಸಲೇಬೇಕು. ಅದೂ ಪಾಸು ಮಾರಿದ ಜಾಗದಲ್ಲಿ ಅಲ್ಲ. ಆಯಾ ಮ್ಯೂಸಿಯಂನ ಬೇರೆ ಬೇರೆ ವೆಬ್‌ಸೈಟಿಗೆ ಹೋಗಿ, ಟಿಕೆಟ್ ಪಟ್ಟಿಯ ಕೆಳಗೆಲ್ಲೋ ಅಡಗಿರುವ ‘ಪಾಸುದಾರರು’ ಎಂಬ ಬಗೆಯನ್ನು ಹುಡುಕಿ, ದಿನ ಗಂಟೆ ಆರಿಸಬೇಕು. ಪಾಸುದಾರರಿಗೆ ಸ್ಲಾಟಿನ ಬೆಲೆ ಸೊನ್ನೆ. ಬೇಸಿಗೆಯಲ್ಲಿ ಕೊನೇ ಗಳಿಗೆಯಲ್ಲಿ ನೋಡಿದರೆ ಉಳಿದಿರುವ ಸ್ಲಾಟೂ ಸೊನ್ನೆ.

ಹಾಗಾಗಿ ಕ್ರಮ ಹೀಗಿರಬೇಕು: ಮೊದಲು ಲೂವ್ರ್‌ನ ಸ್ಲಾಟ್ ಖಾಲಿ ಇದೆಯೇ ನೋಡುವುದು, ಆಮೇಲೆ ಸೇಂತ್ ಶಪೆಲ್, ಅವೆರಡೂ ಸಿಕ್ಕಿದ ಮೇಲೆ ಅದಕ್ಕೆ ಹೊಂದುವ ಪಾಸು. ನಮ್ಮವರು ಪಾಸು ಮೊದಲು ಕೊಳ್ಳುತ್ತಾರೆ. ಹೆಣ್ಣು ನೋಡುವ ಮೊದಲೇ ಛತ್ರ ಬುಕ್ ಮಾಡಿದಂತೆ.

‘ಕ್ಯೂ ಇಲ್ಲದೆ ನೇರ ಪ್ರವೇಶ’ ಎಂಬ ಮಾತಿದೆಯಲ್ಲ, ಅದು ಸುಳ್ಳಲ್ಲ. ಪಾಸು ತಪ್ಪಿಸುವುದು ಟಿಕೆಟ್ ಕೊಳ್ಳುವ ಕ್ಯೂವನ್ನು. ಟಿಕೆಟ್‌ಗಳೆಲ್ಲ ಆನ್‌ಲೈನ್ ಆದ ಮೇಲೆ ಆ ಕ್ಯೂ ಹೇಗೂ ಸೊರಗಿದೆ. ಈಗ ಮೈ ತುಂಬಿಕೊಂಡಿರುವುದು ಸೆಕ್ಯುರಿಟಿ ತಪಾಸಣೆಯ ಕ್ಯೂ. ಅದರ ಮುಂದೆ ಪಾಸುದಾರ, ಟಿಕೆಟ್‌ದಾರ, ಬಿಟ್ಟಿ ಬಂದವ ಎಲ್ಲರೂ ಸಮಾನರು. 1789ರ ಕ್ರಾಂತಿಯ ಆದರ್ಶ ಪೂರ್ತಿಯಾಗಿ ಜಾರಿಗೆ ಬಂದಿರುವ ಜಾಗ ಇದೊಂದೇ ಇರಬೇಕು.

ಸೇಂತ್ ಶಪೆಲ್‌ನ ಕತೆ ಇನ್ನೂ ಸ್ವಾರಸ್ಯ. ಫ್ರೆಂಚ್ ದೊರೆ ಒಂಬತ್ತನೇ ಲೂಯಿ ಕಟ್ಟಿಸಿ 1248ರಲ್ಲಿ ಪ್ರತಿಷ್ಠೆಯಾದ ಪ್ರಾರ್ಥನಾ ಮಂದಿರ, ಹದಿನೈದು ಎತ್ತರದ ಬಣ್ಣದ ಗಾಜಿನ ಕಿಟಕಿಗಳು, ಅದರಲ್ಲಿ 1,113 ದೃಶ್ಯಗಳು. ಆದರೆ ಅದು ಇರುವುದು ನ್ಯಾಯಾಲಯದ ಆವರಣದೊಳಗೆ. ಹೀಗಾಗಿ ತಪಾಸಣೆಯೂ ಕೋರ್ಟಿನ ಮಟ್ಟದ್ದು. ಚಾಕು, ಕತ್ತರಿ, ಗಾಜಿನ ವಸ್ತು ಯಾವುದೂ ಒಳಗೆ ಹೋಗುವಂತಿಲ್ಲ. ಮಧ್ಯಾಹ್ನದ ಚಪಾತಿಗೆಂದು ಬ್ಯಾಗಿನಲ್ಲಿಟ್ಟುಕೊಂಡ ಮಿಡಿ ಉಪ್ಪಿನಕಾಯಿಯ ಗಾಜಿನ ಸೀಸೆ, ಜಗತ್ತಿನ ಅತಿ ಸುಂದರ ಗಾಜನ್ನು ನೋಡಲಾಗದೆ ಹೊರಗೆ ಉಳಿಯುತ್ತದೆ. ಪ್ಲಾಸ್ಟಿಕ್ ಡಬ್ಬಿಗೆ ತುಂಬಿಸಿಕೊಂಡು ಹೋಗುವುದು ಕ್ಷೇಮ. ಲೂವ್ರ್‌ಗೆ ಹೋಗುವವರು ಟೇಪು ಹಿಡಿದು ಬ್ಯಾಗು ಅಳೆಯಲಿ: 55, 35, 20 ಸೆಂಟಿಮೀಟರ್ ಮೀರಿದ ಸೂಟ್‌ಕೇಸಿಗೆ ಪ್ರವೇಶವಿಲ್ಲ. ಹೋಟೆಲು ಖಾಲಿ ಮಾಡಿ, ಲಗೇಜು ಎಳೆದುಕೊಂಡು, ರೈಲು ಹೊರಡುವ ಮುಂಚೆ ಒಂದು ಸುತ್ತು ಲೂವ್ರ್ ಮುಗಿಸಿಬಿಡೋಣ ಎಂಬ ಯೋಜನೆ ಅದರ ಗಾಜಿನ ಪಿರಮಿಡ್ಡಿನ ಬಾಗಿಲಲ್ಲೇ ಸಮಾಧಿಯಾಗುತ್ತದೆ.

ಒಳಗೆ ಹೋದಿರಿ. ಲೂವ್ರ್‌ನಲ್ಲಿ ಪ್ರದರ್ಶನಕ್ಕಿಟ್ಟಿರುವ ಕೃತಿಗಳು ಸುಮಾರು 35,000. ಪಾಸುದಾರ ಇದಕ್ಕೆ ಕೊಡುವ ಸಮಯ ಮೂರು ಗಂಟೆ, ಯಾಕೆಂದರೆ ನಾಲ್ಕಕ್ಕೆ ಇನ್ನೊಂದು ಮ್ಯೂಸಿಯಂನಲ್ಲಿ ಸ್ಲಾಟ್ ಇದೆ. ಕೃತಿಯೊಂದಕ್ಕೆ ಮೂರನೇ ಒಂದು ಸೆಕೆಂಡೂ ಬರದು. ಅಷ್ಟರಲ್ಲಿ ಕಣ್ಣು ಮಿಟುಕಿಸಬಹುದು. ಹಾಗಾಗಿ ಎಲ್ಲರೂ ಬಾಣದ ಗುರುತು ಹಿಡಿದು ಒಂದೇ ಕಡೆ ಓಡುತ್ತಾರೆ. 77 ಸೆಂಟಿಮೀಟರ್ ಎತ್ತರ, 53 ಸೆಂಟಿಮೀಟರ್ ಅಗಲ. ನಮ್ಮ ಮನೆಗಳಲ್ಲಿ ತೂಗುಹಾಕಿದ ಕೆಲವು ಕ್ಯಾಲೆಂಡರುಗಳೇ ಅದಕ್ಕಿಂತ ದೊಡ್ಡವು. ಮೊನಾಲಿಸಾ ದರ್ಶನ. ಹಗ್ಗ ಕಟ್ಟಿದ ಸಾಲು, ದೂರದಿಂದ ಕೈಯೆತ್ತಿದ ನೂರಾರು ಫೋನು, ಮುಂದೆ ಹೋಗಿ ಎಂದು ಕೈಬೀಸುವ ಸಿಬ್ಬಂದಿ. ತಿರುಪತಿಯನ್ನು ನೋಡಿದವರಿಗೆ ತರಬೇತಿ ಬೇಕಿಲ್ಲ. ಲಡ್ಡು ಮಾತ್ರ ಇಲ್ಲ. ಅದರ ಬದಲು ಅಂಗಡಿಯಲ್ಲಿ ಫ್ರಿಜ್ ಮ್ಯಾಗ್ನೆಟ್ ಸಿಗುತ್ತದೆ. ಅದು ಪಾಸಿನಲ್ಲಿ ಸೇರಿಲ್ಲ.

ಮೊನಾಲಿಸಾಳ ಎದುರು ಗೋಡೆಯಲ್ಲೇ ಇಟಲಿಯ ಚಿತ್ರಕಾರ ವೆರೊನೇಸೆ ಬರೆದ, ಬೈಬಲ್ಲಿನ ಕಾನಾ ಊರಿನ ಮದುವೆಯೂಟದ ಚಿತ್ರವಿದೆ. ಸುಮಾರು ಏಳು ಮೀಟರ್ ಎತ್ತರ, ಹತ್ತು ಮೀಟರ್ ಅಗಲ, ಲೂವ್ರ್‌ನ ಅತಿ ದೊಡ್ಡ ವರ್ಣಚಿತ್ರ. ಸಾವಿರಾರು ಜನ ಅದಕ್ಕೆ ಬೆನ್ನು ಕೊಟ್ಟು ನಿಂತಿರುತ್ತಾರೆ. ಊಟದ ಪಂಕ್ತಿಗೆ ಬೆನ್ನು ಕೊಟ್ಟು ನಿಲ್ಲುವ ಕನ್ನಡಿಗರನ್ನು ನೋಡಬೇಕೆಂದರೆ ಇದೊಂದೇ ಜಾಗ. ಶಾಲೆಯಲ್ಲಿ ಓದಿದ ಹಮ್ಮುರಾಬಿಯ ಶಾಸನದ ಕಲ್ಲು ಕೂಡ ಇದೇ ಕಟ್ಟಡದ ಇನ್ನೊಂದು ಭಾಗದಲ್ಲಿ, ಎರಡು ಮೀಟರಿಗೂ ಎತ್ತರವಾಗಿ, ನೆಮ್ಮದಿಯಾಗಿ ನಿಂತಿದೆ. ಅಲ್ಲಿ ಕ್ಯೂ ಇಲ್ಲ. ಕ್ಯೂ ಇಲ್ಲದ್ದನ್ನು ನೋಡಿ ಪ್ರಯೋಜನವೇನು ಎಂದು ಪಾಸುದಾರ ಅತ್ತ ಸುಳಿಯುವುದಿಲ್ಲ. ಹೊರಗೆ ಹೋಗಿ ಚಪಾತಿ ತಿಂದು ಮತ್ತೆ ಬಂದು ನೋಡುತ್ತೇನೆ ಎಂದರೆ ಆಗದು: ಪಾಸಿನಲ್ಲಿ ಪ್ರತಿ ಜಾಗಕ್ಕೂ ಒಂದೇ ಪ್ರವೇಶ.

2025ರ ಜನವರಿಯಲ್ಲಿ ಫ್ರಾನ್ಸಿನ ಅಧ್ಯಕ್ಷ ಮ್ಯಾಕ್ರನ್ ಈ ಜಾತ್ರೆಗೆ ಪರಿಹಾರ ಘೋಷಿಸಿದರು. ಮೊನಾಲಿಸಾಗೆ ಪ್ರತ್ಯೇಕ ಕೋಣೆ, ಪ್ರತ್ಯೇಕ ದಾರಿ, ಪ್ರತ್ಯೇಕ ಟಿಕೆಟ್. ವಿಶೇಷ ದರ್ಶನದ ಪರಿಕಲ್ಪನೆ ನಮ್ಮಿಂದಲೇ ಹೋಗಿದ್ದೆಂದು ಯಾರಾದರೂ ಪೇಟೆಂಟ್ ಹಾಕಬೇಕಿತ್ತು.

ಕ್ಯೂ, ಸ್ಲಾಟ್, ಪಾಸು ಯಾವುದರ ಹಂಗೂ ಇಲ್ಲದೆ ಲೂವ್ರ್ ನೋಡಿದವರು ಇದ್ದಾರೆ. 2025ರ ಅಕ್ಟೋಬರ್ 19, ಭಾನುವಾರ, ಬೆಳಿಗ್ಗೆ ಒಂಬತ್ತೂವರೆ. ಮನೆ ಸಾಮಾನು ಸಾಗಿಸುವ ಏಣಿಯಿದ್ದ ಲಾರಿ ತಂದು, ಸೀನ್ ನದಿ ಕಡೆಯ ಬಾಲ್ಕನಿಗೆ ಏರಿ, ಕಿಟಕಿ ಕೊಯ್ದು, ಅಪೊಲೊ ಗ್ಯಾಲರಿಯಿಂದ ರಾಜಮನೆತನದ ಎಂಟು ಆಭರಣ ಎತ್ತಿಕೊಂಡು, ಎಂಟು ನಿಮಿಷದೊಳಗೆ ಎಲ್ಲ ಮುಗಿಸಿ ಸ್ಕೂಟರ್ ಹತ್ತಿದರು. ಅಂದಾಜು ಬೆಲೆ 88 ಮಿಲಿಯನ್ ಯೂರೋ. ಮ್ಯೂಸಿಯಂ ಪ್ರವಾಸದಲ್ಲಿ ಎಂಟು ನಿಮಿಷಕ್ಕೆ ಇಷ್ಟು ವಸೂಲಿ ಎಲ್ಲರಿಗೂ ಆಗುವಂಥದ್ದಲ್ಲ. ಆತುರದಲ್ಲಿ ಅವರೂ ಮಹಾರಾಣಿ ಯೂಜೀನಿಯ ಕಿರೀಟವನ್ನು ಹೊರಗೆ ಬೀಳಿಸಿಕೊಂಡು ಹೋದರು. ವೇಳಾಪಟ್ಟಿ ಬಿಗಿಯಾದರೆ ಯಾರಿಗಾದರೂ ಏನಾದರೊಂದು ತಪ್ಪಿಯೇ ತಪ್ಪುತ್ತದೆ. ಲೂವ್ರ್ ಆ ಭಾನುವಾರವೂ ಸೋಮವಾರವೂ ಮುಚ್ಚಿತ್ತು, ಮಂಗಳವಾರ ವಾರದ ರಜೆ, ಮತ್ತೆ ತೆರೆದದ್ದು ಬುಧವಾರ. ಭಾನುವಾರ ಸ್ಕ್ಯಾನ್ ಮಾಡಿಸಿದ 48 ಗಂಟೆಯವರು ಬೆರಳು ಮಡಚಿ ಎಣಿಸಿಕೊಳ್ಳಬಹುದು.

ಇನ್ನು ದುಡ್ಡಿನ ಲೆಕ್ಕ. ಎರಡು ದಿನದ ಪಾಸು 2024ರಲ್ಲಿ 62 ಯೂರೋ ಇತ್ತು. ಆಮೇಲೆ ಮೆಟ್ಟಿಲು ಹತ್ತುತ್ತಲೇ ಇದೆ. ಲೂವ್ರ್‌ನ ಬಿಡಿ ಟಿಕೆಟ್ ಆ ವರ್ಷವೇ 17ರಿಂದ 22 ಯೂರೋ ಆಯಿತು, 2026ರ ಜನವರಿಯಿಂದ ಯುರೋಪಿನ ಹೊರಗಿನವರಿಗೆ 32. ಇದು ಅನ್ಯಾಯ, ಭೇದಭಾವ, ವಸಾಹತುಶಾಹಿ ಎಂದು ಕೂಗುವ ಮುನ್ನ ಹಂಪಿಯ ವಿಠ್ಠಲ ದೇವಾಲಯದ ಟಿಕೆಟ್ ಕೌಂಟರಿನ ಫಲಕ ನೆನಪಿಸಿಕೊಳ್ಳುವುದು ಒಳ್ಳೆಯದು: ನಮಗೆ 40 ರೂಪಾಯಿ, ಅವರಿಗೆ 600. ಅವರು ಒಂದೂವರೆ ಪಟ್ಟೂ ಮಾಡಿಲ್ಲ, ನಾವು ಹದಿನೈದು ಪಟ್ಟು ಮಾಡಿ ಕೂತಿದ್ದೇವೆ. ಈ ವಿದ್ಯೆಯಲ್ಲಿ ಫ್ರಾನ್ಸ್ ಇನ್ನೂ ಒಂದನೇ ತರಗತಿ.

ಬಿಡಿ ಟಿಕೆಟ್ ಹೀಗೆ ಏರಿದಾಗ ಪಾಸೇ ಲಾಭ ಎನ್ನಿಸುವುದು ಸಹಜ. ದಿನಕ್ಕೆ ಮೂರು ದೊಡ್ಡ ಜಾಗ ನೋಡುವವರಿಗೆ ಲಾಭವೂ ಹೌದು. ದಿನಕ್ಕೆ ಎರಡು ನೋಡಿ ಕಾಫಿ ಕುಡಿಯುವವರು ಬಿಡಿ ಟಿಕೆಟ್ಟೇ ವಾಸಿಯೇ ಎಂದು ಕೂಡಿ ನೋಡಬೇಕು. ಯಾವ ಪಾಸೂ ಬೇಡದ ಮಂದಿಯೂ ಉಂಟು: ಲೂವ್ರ್, ಒರ್ಸೇ, ವರ್ಸೇಲ್ಸ್ ಎಲ್ಲ ಕಡೆಯೂ ಹದಿನೆಂಟು ತುಂಬದವರಿಗೆ, ಯಾವ ದೇಶದವರಾದರೂ, ಪ್ರವೇಶ ಉಚಿತ. ಪೆಟಿ ಪಲೇ, ಕಾರ್ನವಲೇ ಮುಂತಾದ ನಗರಸಭೆಯ ಮ್ಯೂಸಿಯಂಗಳ ಶಾಶ್ವತ ಸಂಗ್ರಹ ಎಲ್ಲರಿಗೂ ಉಚಿತ. ನೋತ್ರ್‌ದಾಮ್ ಚರ್ಚು 2024ರ ಡಿಸೆಂಬರ್‌ನಲ್ಲಿ ಮತ್ತೆ ತೆರೆದಿದೆ, ಅದೂ ಉಚಿತ. ಈ ಮಾಹಿತಿಯನ್ನು ಪಾಸುದಾರನಿಗೆ ಹೇಳಿ ನೋಡಿ. ಮುಖ ಹುಳ್ಳಗಾಗುತ್ತದೆ. ಉಚಿತವಾದದ್ದರಲ್ಲಿ ವಸೂಲು ಮಾಡುವುದೇನನ್ನು?

ಬಸ್ಸು, ದೋಣಿ, ಮ್ಯೂಸಿಯಂ ಎಲ್ಲ ಸೇರಿದ ಕಾಂಬೊ ಪಾಸಿನದು ಬೇರೆಯೇ ಪುರಾಣ. ಇವುಗಳಲ್ಲಿ ಕೆಲವು ಗಂಟೆಯನ್ನಲ್ಲ, ದಿನವನ್ನು ಎಣಿಸುತ್ತವೆ. ಸಂಜೆ ನಾಲ್ಕಕ್ಕೆ ದೋಣಿ ಹತ್ತಿದರೆ ಆ ದಿನ ಪೂರ್ತಿ ಖರ್ಚು. ಒಳಗಿನ ಮ್ಯೂಸಿಯಂ ಭಾಗ ಮಾತ್ರ ಗಂಟೆಯ ಲೆಕ್ಕವೇ. ಒಂದೇ ಪಾಸಿನಲ್ಲಿ ಎರಡು ಪಂಚಾಂಗ. ಬೇಕಾದಲ್ಲಿ ಇಳಿದು ಹತ್ತುವ ಬಸ್ಸು ಪ್ಯಾರಿಸ್‌ನ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡಾಗ, ಪಕ್ಕದ ಫುಟ್‌ಪಾತಿನಲ್ಲಿ ನಡೆಯುವ ಅಜ್ಜಿಯೊಬ್ಬರು ನಾಯಿಯ ಸಮೇತ ಮುಂದೆ ಹೋಗುತ್ತಾರೆ. ನೆಲದಡಿಯ ಮೆಟ್ರೊ ಹತ್ತು ನಿಮಿಷಕ್ಕೆ ತಲುಪಿಸುತ್ತದೆ. 2025ರಲ್ಲಿ ಅದರ ಒಂದು ಟಿಕೆಟಿಗೆ ಎರಡೂವರೆ ಯೂರೋ. ಮ್ಯೂಸಿಯಂ ಪಾಸಿನಲ್ಲಿ ಮೆಟ್ರೊ ಸೇರಿಲ್ಲ. ವರ್ಸೇಲ್ಸ್‌ಗೆ ಹೋಗುವ ರೈಲೂ ಸೇರಿಲ್ಲ. ಅರಮನೆ ಸೇರಿದೆ; ಸಂಗೀತದ ಕಾರಂಜಿ ಆಡುವ ದಿನಗಳಲ್ಲಿ ಅದರ ತೋಟಕ್ಕೆ ಬೇರೆ ಟಿಕೆಟ್.

ಎರಡನೇ ದಿನ ಮಧ್ಯಾಹ್ನಕ್ಕೆ ಪಾಸುದಾರನ ಕಾಲು ಬಾತಿರುತ್ತದೆ. ವಿಜಯದ ಕಮಾನಿನ 284 ಮೆಟ್ಟಿಲು ಹತ್ತಿದ್ದಾಗಿದೆ, ಪಾಸಿನಲ್ಲಿ ಇತ್ತಲ್ಲ. ಪಾಂಥಿಯಾನಿನ ನೆಲಮಾಳಿಗೆಯಲ್ಲಿ ವೋಲ್ಟೇರ್, ರೂಸೋ, ಮೇರಿ ಕ್ಯೂರಿ ಎಲ್ಲರ ಸಮಾಧಿಯನ್ನೂ ಹಾಜರಿ ಕರೆದಂತೆ ಮುಗಿಸಿಯಾಗಿದೆ.

“ರೀ, ಇಲ್ಲೇ ನದಿ ದಂಡೇಲಿ ಒಂಚೂರು ಕೂತ್ಕೊಳ್ಳೋಣ.”

“ಕೂರೋದಕ್ಕೆ ಊರಲ್ಲಿ ಜಗಲಿ ಇಲ್ವೇನೇ? ಇನ್ನೂ ಒಂಬತ್ತು ಯೂರೋ ಬಾಕಿ ಇದೆ. ಏಳು.”

ಒಂಬತ್ತು ಯೂರೋಕ್ಕೆ ಸರಿಯಾಗಿ ಪಟ್ಟಿಯಲ್ಲಿ ಒಂದು ಜಾಗ ಸಿಗುತ್ತದೆ: ಪ್ಯಾರಿಸ್ಸಿನ ಚರಂಡಿಗಳ ಮ್ಯೂಸಿಯಂ. ತಮಾಷೆಯಲ್ಲ, ಆಲ್ಮಾ ಸೇತುವೆಯ ಬಳಿ ನೆಲದಡಿ ಇರುವ ನಿಜವಾದ ಚರಂಡಿ. ಹತ್ತೊಂಬತ್ತನೇ ಶತಮಾನದಲ್ಲಿ ನಗರಕ್ಕೆ ಹೊಸ ಒಳಚರಂಡಿ ಕಟ್ಟಿದ ಎಂಜಿನಿಯರ್ ಬೆಲ್‌ಗ್ರಾಂಡ್‌ನ ಜಾಣ್ಮೆ ತಿಳಿಯಬೇಕೆಂದರೆ ಸೊಗಸಾದ ಜಾಗ. ಕೊನೆಯ ಪ್ರವೇಶ ನಾಲ್ಕಕ್ಕೆ, ಮುಚ್ಚುವುದು ಐದಕ್ಕೆ. ಮೂರು ಐವತ್ತೈದಕ್ಕೆ ಓಡಿ ಬಂದ ದಂಪತಿ ಮೂಗಿಗೆ ಕರ್ಚೀಫು ಹಿಡಿದು ಒಳಗೆ ಇಳಿಯುತ್ತಾರೆ. ಅಡಿಯಲ್ಲಿ ಕೊಳಚೆ ನೀರು ಹರಿಯುತ್ತಿರುತ್ತದೆ. ಅರ್ಧ ಗಂಟೆಯಲ್ಲಿ ಪೈಸೆ ಪೈಸೆಯೂ ವಸೂಲು. ಮೆಟ್ಟಿಲು ಹತ್ತಿ ಮೇಲೆ ಬಂದು, ಸೇತುವೆ ಮೇಲೆ ನಿಂತು ಉಸಿರು ಎಳೆದುಕೊಂಡಾಗ ಕಣ್ಣೆದುರಿಗೇ ಐಫೆಲ್ ಗೋಪುರ ಕಾಣುತ್ತದೆ.

“ಅಯ್ಯೋ, ಮರೆತೇ ಬಿಟ್ಟಿದ್ವಲ್ಲಾ! ಬನ್ನಿ, ಹೇಗೂ ಪಾಸಿದೆ.”

ಪಾಸಿನಲ್ಲಿ ಅದು ಇಲ್ಲ.